ಅಕ್ಕಿ ಉಣ್ಣುವವರ ಬೀದಿ: ಹನೋಯ್‌ನಿಂದ ಸಕಲೇಶಪುರಕ್ಕೆ

ಸಕಲೇಶಪುರ, ಆಲೂರು ಸೀಮೆಯ ಕಾಫಿ ಬೆಳೆಗಾರರ ಮನೆಗಳಲ್ಲಿ ವಿಯೆಟ್ನಾಂ ಎಂಬ ಹೆಸರು ಕಳೆದ ಇಪ್ಪತ್ತೈದು ವರ್ಷಗಳಿಂದ ದಿನಬಳಕೆಯ ಮಾತಾಗಿದೆ. ಆದರೆ ಅದು ಒಂದು ದೇಶದ ಹೆಸರಾಗಿ ಅಲ್ಲ, ದರವನ್ನು ಏರಿಳಿಸುವ ಒಂದು ಕಾಣದ ಶಕ್ತಿಯ ಹೆಸರಾಗಿ ಬಳಕೆಯಲ್ಲಿದೆ. ನಮ್ಮ ಹಿರಿಯರಿಗೆ ವಿಯೆಟ್ನಾಂ ಎಂದರೆ ಯುದ್ಧದ ಸುದ್ದಿಯಾಗಿತ್ತು. ನಮ್ಮ ತಲೆಮಾರಿಗೆ ಅದು ರೊಬಸ್ಟಾ ಮತ್ತು ಕರಿಮೆಣಸಿನ ದರದ ಸುದ್ದಿ. ಆ ದೇಶದ ಜನ ಏನನ್ನು ಉಣ್ಣುತ್ತಾರೆ, ಯಾವ ಹಬ್ಬ ಮಾಡುತ್ತಾರೆ ಎಂದು ನಮ್ಮ ಸೀಮೆಯಲ್ಲಿ ಯಾರೂ ವಿಚಾರಿಸಿದ್ದನ್ನು ನಾನು ಕೇಳಿಲ್ಲ.

ಇದಕ್ಕೆ ಕಾರಣಗಳು ಚರಿತ್ರೆಯಲ್ಲಿಯೇ ಇವೆ. 1857ರಲ್ಲಿ ಫ್ರೆಂಚ್ ಪಾದ್ರಿಗಳು ಆ ನೆಲಕ್ಕೆ ಕಾಫಿ ಗಿಡವನ್ನು ಒಯ್ದರು. ಅದಕ್ಕೆ ಒಂದೂವರೆ ದಶಕ ಮೊದಲೇ, 1843ರ ಸುಮಾರಿಗೆ, ಮಂಜರಾಬಾದ್ ಎಂದು ಕರೆಯಲ್ಪಡುತ್ತಿದ್ದ ನಮ್ಮ ಸೀಮೆಯಲ್ಲಿ ಆಂಗ್ಲರು ಕಾಫಿ ತೋಟವನ್ನು ತೆರೆದಿದ್ದರು. ಹೀಗಾಗಿ ಎರಡೂ ಕಡೆಯ ತೋಟಗಾರಿಕೆ ಒಂದೇ ಶತಮಾನದ ಕೂಸು. 1986ರ ಆರ್ಥಿಕ ಸುಧಾರಣೆಯ ಬಳಿಕ ವಿಯೆಟ್ನಾಂನ ಮಧ್ಯ ಮಲೆನಾಡಿನಲ್ಲಿ ರೊಬಸ್ಟಾ ಬೆಳೆ ಅತಿಶಯವಾಗಿ ಹಬ್ಬಿ, ಆ ದೇಶವು ಬ್ರೆಜಿಲ್ಲಿನ ನಂತರದ ಸ್ಥಾನಕ್ಕೆ ಏರಿತು. 2000ದಿಂದ 2002ರವರೆಗಿನ ದರಕುಸಿತವನ್ನು ನಮ್ಮ ಸೀಮೆಯ ಬೆಳೆಗಾರರು ಇಂದಿಗೂ ಮರೆತಿಲ್ಲ. ಆಮೇಲೆ ಬಂದದ್ದು ಮೆಣಸಿನ ಸರದಿ. ಹೊರಗಿನ ಅಗ್ಗದ ಮೆಣಸಿಗೆ ತಡೆಯೊಡ್ಡಲು ಕೇಂದ್ರ ಸರ್ಕಾರವು 2017ರ ಡಿಸೆಂಬರಿನಲ್ಲಿ ಕಿಲೋಗೆ 500 ರೂಪಾಯಿಯ ಕನಿಷ್ಠ ಆಮದು ದರವನ್ನು ನಿಗದಿ ಮಾಡಬೇಕಾಯಿತು. 2024ರಲ್ಲಿ ಇದರ ವಿಪರ್ಯಯವೂ ನಡೆಯಿತು. ವಿಯೆಟ್ನಾಂನಲ್ಲಿ ಬರ ಬಿದ್ದು ಇಳುವರಿ ಕುಂದಿದಾಗ ರೊಬಸ್ಟಾ ದರ ಹಿಂದೆಂದೂ ಇಲ್ಲದ ಎತ್ತರಕ್ಕೆ ಏರಿತು. ಅವರ ಬರ ನಮಗೆ ಸುಗ್ಗಿಯಾಯಿತು. ಇಂಥ ಸಂಬಂಧವುಳ್ಳ ಎರಡು ಜನಸಮುದಾಯಗಳು ಪರಸ್ಪರರ ಮುಖವನ್ನೇ ಕಾಣದಿರುವುದು ವಿಚಿತ್ರವಲ್ಲವೇ?

ಉದ್ಯೋಗನಿಮಿತ್ತ ಹನೋಯ್‌ನಲ್ಲಿದ್ದ ಮಗಳ ಮನೆಗೆ ನಾನೂ ನನ್ನ ಪತ್ನಿಯೂ ಹೋಗಿದ್ದ ಸಂದರ್ಭದಲ್ಲಿ ಆ ಮುಖವನ್ನು ಕಾಣುವ ಅವಕಾಶ ಒದಗಿತು. ಅಲ್ಲಿನ ಹಳೆಯ ಪೇಟೆಯಲ್ಲಿ ಮಾರ್ಗದರ್ಶಕರೊಡನೆ ಬೀದಿಬೀದಿ ನಡೆದು, ಅಲ್ಲಲ್ಲಿ ಕುಳಿತು ತಿಂಡಿಗಳ ರುಚಿ ನೋಡುವ ಒಂದು ಪರಿಪಾಠವಿದೆ. ಇಂಥ ನಡಿಗೆಗಳು ಬಹುಮಟ್ಟಿಗೆ ಸಂಜೆಯ ಬಳಿಕ ಆರಂಭವಾಗುತ್ತವೆ. ಸೂರ್ಯಾಸ್ತದ ನಂತರ ಉಣ್ಣದ, ಮಾಂಸ ಮತ್ಸ್ಯಗಳನ್ನೂ ಕಂದಮೂಲಗಳನ್ನೂ ವರ್ಜಿಸುವ ಇಬ್ಬರು ವೃದ್ಧರಿಗೆ ಆ ಬೀದಿಯಲ್ಲಿ ಏನು ಕೆಲಸ ಎಂದು ನಾನು ಕೇಳಿದೆ. ಮಗಳು ಮಾರ್ಗದರ್ಶಕಿಯೊಡನೆ ಮಾತನಾಡಿದಳು. ಆಕೆ ಹೇಳಿ ಕಳುಹಿಸಿದ್ದು ಇಷ್ಟು: ‘ಹುಣ್ಣಿಮೆಯ ಬೆಳಿಗ್ಗೆ ಬರಲಿ. ಆ ದಿನ ನಮ್ಮಲ್ಲಿ ಬಹಳ ಮಂದಿ ಅವರಂತೆಯೇ ಉಣ್ಣುತ್ತಾರೆ.’

ಈ ಮಾತು ನನ್ನನ್ನು ಸೆಳೆಯಿತು. ವಿಯೆಟ್ನಾಂನ ಬೌದ್ಧರಲ್ಲಿ ಅನೇಕರು ಚಾಂದ್ರಮಾನ ತಿಂಗಳ ಮೊದಲನೆಯ ಮತ್ತು ಹದಿನೈದನೆಯ ದಿನಗಳಲ್ಲಿ ಸಸ್ಯಾಹಾರವನ್ನು ಪಾಲಿಸುತ್ತಾರೆ. ಆ ಆಹಾರಕ್ಕೆ ಅವರ ನುಡಿಯಲ್ಲಿ ‘ಚಾಯ್’ ಎಂದು ಹೆಸರು. ನಮ್ಮ ಕಿವಿಗೆ ಅದು ಚಹಾ ಎಂದೇ ಕೇಳಿಸುವುದರಿಂದ ಮೊದಲ ದಿನ ಸ್ವಲ್ಪ ನಗೆಯೂ ಆಯಿತು. ಅಷ್ಟಮಿ, ಚತುರ್ದಶಿಗಳಲ್ಲಿ ಆಹಾರದ ಸಂಯಮವನ್ನು ಪರ್ವವೆಂದು ಆಚರಿಸುವ ಮನೆಯಲ್ಲಿ ಬೆಳೆದ ನನಗೆ, ಚಂದ್ರನ ಗತಿಗೂ ನಾಲಗೆಯ ನಿಗ್ರಹಕ್ಕೂ ಇರುವ ಈ ನಂಟನ್ನು ಯಾರೂ ವಿವರಿಸಬೇಕಾಗಿರಲಿಲ್ಲ.

ಮಾರ್ಗದರ್ಶಕಿ ವಿಶ್ವವಿದ್ಯಾಲಯದ ವಿದ್ಯಾಭ್ಯಾಸವನ್ನು ಆಗಷ್ಟೇ ಮುಗಿಸಿದ ತರುಣಿ. ನನ್ನನ್ನು ಕಂಡೊಡನೆ ‘ಬಾಕ್’ ಎಂದು ಕರೆದಳು. ತಂದೆಗಿಂತ ಹಿರಿಯನಾದವನಿಗೆ ಹೇಳುವ ಮಾತು ಅದು, ನಮ್ಮ ‘ದೊಡ್ಡಪ್ಪ’ನಿಗೆ ಸಮಾನ. ಬೀದಿಯ ಮಾರಾಟಗಾರ್ತಿಯರನ್ನು ‘ಚಿ’, ಅಂದರೆ ಅಕ್ಕ ಎನ್ನುತ್ತಿದ್ದಳು. ಅವರು ಇವಳನ್ನು ‘ಎಮ್’, ಅಂದರೆ ತಂಗಿ ಎನ್ನುತ್ತಿದ್ದರು. ಅಪರಿಚಿತರನ್ನು ನೆಂಟಸ್ತಿಕೆಯ ಪದದಿಂದ ಕರೆಯದೆ ವ್ಯವಹಾರವೇ ಸಾಗದ ಭಾಷೆ ಅದು. ಸಕಲೇಶಪುರದ ಸಂತೆಯಲ್ಲಿ ‘ಅಕ್ಕಾ, ಸೊಪ್ಪು ಎಷ್ಟು?’ ಎನ್ನುವವರಿಗೆ ಇದರಲ್ಲಿ ಹೊಸತೇನಿದೆ?

ಹನೋಯ್‌ನ ಹಳೆಯ ಪೇಟೆಯನ್ನು ಮೂವತ್ತಾರು ಬೀದಿಗಳ ಪೇಟೆ ಎಂದು ವಾಡಿಕೆಯಲ್ಲಿ ಕರೆಯುತ್ತಾರೆ. ಬೀದಿಗಳ ಹೆಸರುಗಳು ಹೆಚ್ಚಾಗಿ ‘ಹಾಂಗ್’ ಎಂಬ ಪದದಿಂದ ಆರಂಭವಾಗುತ್ತವೆ. ಹಾಂಗ್ ಎಂದರೆ ಸರಕು. ಹಾಂಗ್ ಮುವೊಯ್ ಉಪ್ಪಿನ ಬೀದಿ, ಹಾಂಗ್ ದುವೊಂಗ್ ಸಕ್ಕರೆಯ ಬೀದಿ, ಹಾಂಗ್ ಚಿಯೆವ್ ಚಾಪೆಯ ಬೀದಿ. ಬೆಂಗಳೂರಿನ ಅಕ್ಕಿಪೇಟೆ, ಅರಳೆಪೇಟೆ, ಬಳೇಪೇಟೆಗಳನ್ನು ಬಲ್ಲವರಿಗೆ ಈ ನಾಮಕರಣದ ಕ್ರಮ ತಾನಾಗಿಯೇ ತಿಳಿಯುತ್ತದೆ. ಸರಕುಗಳು ಬದಲಾದರೂ ಹೆಸರುಗಳು ಉಳಿದಿವೆ. ಬೀದಿಯ ಹೆಸರು ಒಂದು ಬಗೆಯ ಶಾಸನವೇ. ಅದನ್ನು ಓದಲು ಲಿಪಿಜ್ಞಾನ ಬೇಡ, ನಡೆಯುವ ಕಾಲು ಸಾಕು.

ಮೊದಲು ನಾವು ಕುಳಿತದ್ದು ಒಬ್ಬ ಹೆಂಗಸಿನ ಹಬೆಪಾತ್ರೆಯ ಮುಂದೆ. ಮಣೆಗಿಂತ ಸ್ವಲ್ಪವೇ ಎತ್ತರವಾದ ಪ್ಲಾಸ್ಟಿಕ್ ಸ್ಟೂಲುಗಳು. ನನ್ನ ಮೊಣಕಾಲಿಗೆ ಅವು ಸುಲಭವಾಗಿರಲಿಲ್ಲ. ಕುದಿಯುವ ಪಾತ್ರೆಯ ಬಾಯಿಗೆ ಬಿಗಿದ ಬಟ್ಟೆಯ ಮೇಲೆ ಆಕೆ ಅಕ್ಕಿಯ ನೀರುಹಿಟ್ಟನ್ನು ಸೌಟಿನಿಂದ ತೆಳ್ಳಗೆ ಹರಡಿ, ಮುಚ್ಚಳ ಮುಚ್ಚಿ, ಕ್ಷಣಕಾಲದಲ್ಲಿ ತೆಗೆದು, ಚಪ್ಪಟೆಯಾದ ಬಿದಿರಕಡ್ಡಿಯಿಂದ ಆ ಪದರವನ್ನು ಹರಿಯದಂತೆ ಎತ್ತಿದಳು. ಇದಕ್ಕೆ ‘ಬಾನ್ ಕುವೊನ್’ ಎನ್ನುತ್ತಾರೆ. ಸಾಮಾನ್ಯವಾಗಿ ಅದರೊಳಗೆ ಮಾಂಸದ ಹೂರಣವಿರುತ್ತದೆ. ಹನೋಯ್‌ನ ಥಾನ್ ತ್ರಿ ಎಂಬ ಭಾಗದ ಸಂಪ್ರದಾಯದಲ್ಲಿ ಹೂರಣವಿಲ್ಲದೆ ಬರಿಯ ಪದರವನ್ನೇ ಮಾಡುತ್ತಾರೆ. ನಮಗೆ ದೊರೆತದ್ದು ಅದು. ಅದರ ಜೊತೆಗೆ ಕೊಡುವ ‘ನೂಕ್ ಮಾಮ್’ ಎಂಬ ಮೀನಿನ ರಸವನ್ನೂ ಹುರಿದ ಈರುಳ್ಳಿಯನ್ನೂ ಬೇಡವೆಂದು ಮಾರ್ಗದರ್ಶಕಿ ಮೊದಲೇ ಹೇಳಿದ್ದಳು. ಮಾರುವಾಕೆ ಸ್ವಲ್ಪ ಯೋಚಿಸಿ, ಒಂದು ಪುಟ್ಟ ಬಟ್ಟಲಿನಲ್ಲಿ ಉಪ್ಪು, ಕರಿಮೆಣಸಿನ ಪುಡಿ ಹಾಕಿ ನಿಂಬೆಹಣ್ಣು ಹಿಂಡಿ ಮುಂದಿಟ್ಟಳು.

ನನ್ನ ಪತ್ನಿ ಒಂದು ತುಂಡನ್ನು ಬಾಯಿಗಿಟ್ಟು, ‘ಇದು ನೀರುದೋಸೆಯ ತಂಗಿ’ ಎಂದಳು. ನನ್ನ ಮನಸ್ಸು ಇದ್ದದ್ದು ಬಟ್ಟಲಿನಲ್ಲಿ. ಇಪ್ಪತ್ತೈದು ವರ್ಷ ನಾವು ಹೆದರಿದ್ದು ಇದೇ ಮೆಣಸಿಗೆ. ಮಾರಾಟಗಾರ್ತಿಗೆ ಅದು ಸರಕಲ್ಲ; ತನ್ನ ಬಳಿ ಬಂದ, ಮೀನುಣ್ಣದ ಅತಿಥಿಗೆ ಊಟವನ್ನು ರುಚಿಗೊಳಿಸಲು ಇದ್ದ ಉಪಾಯ.

ಕರಿಮೆಣಸು ನಮ್ಮ ಅಡುಗೆಯ ಹಳೆಯ ಖಾರ. ಮೆಣಸಿನಕಾಯಿಯು ಅಮೆರಿಕ ಖಂಡದಿಂದ ಪೋರ್ಚುಗೀಸರ ಹಡಗುಗಳ ಮೂಲಕ ಬರುವುದಕ್ಕೆ ಮೊದಲು ಕನ್ನಡನಾಡಿನ ಪಾಕಗಳಿಗೆಲ್ಲ ಖಾರ ಬಂದದ್ದು ಇದರಿಂದಲೇ. ಬಂದ ಹೊಸ ಕಾಯಿಗೆ ನಾವು ‘ಮೆಣಸಿನಕಾಯಿ’ ಎಂದು ಹೆಸರಿಟ್ಟೆವು. ಹಳೆಯ ಮೆಣಸಿಗೆ ‘ಕರಿ’, ‘ಒಳ್ಳೆ’ ಎಂಬ ವಿಶೇಷಣಗಳನ್ನು ಸೇರಿಸಬೇಕಾಗಿ ಬಂತು. ಚಾಲುಕ್ಯ ಜಯಸಿಂಹನ ಕಾಲದಲ್ಲಿ, ಸುಮಾರು 1025ರಲ್ಲಿ, ಇಮ್ಮಡಿ ಚಾವುಂಡರಾಯನು ರಚಿಸಿದ ‘ಲೋಕೋಪಕಾರ’ದಲ್ಲಿ ಇಡ್ಡಲಿಗೆಯ ವಿಧಾನವಿದೆ. ಉದ್ದನ್ನು ಮಜ್ಜಿಗೆಯಲ್ಲಿ ನೆನೆಸಿ ರುಬ್ಬಿ ಮೆಣಸು, ಜೀರಿಗೆ, ಇಂಗುಗಳನ್ನು ಸೇರಿಸಲು ಅವನು ಹೇಳುತ್ತಾನೆ, ಅಕ್ಕಿಯ ಮಾತಿಲ್ಲ. ಇಡ್ಡಲಿಗೆಯ ಹೆಸರಂತೂ ಅದಕ್ಕೂ ಹಿಂದೆ ‘ವಡ್ಡಾರಾಧನೆ’ಯಲ್ಲಿಯೇ ಬರುತ್ತದೆ. ಐದು ಶತಮಾನಗಳ ಬಳಿಕ ಕಲ್ಲಹಳ್ಳಿಯ ಮೂರನೆಯ ಮಂಗರಸನು ವಾರ್ಧಕ ಷಟ್ಪದಿಯಲ್ಲಿ ‘ಸೂಪಶಾಸ್ತ್ರ’ವನ್ನು ಬರೆದನು. ಜೈನಕವಿಯ ಆ ಕೃತಿಯಲ್ಲಿ ಸಸ್ಯಾಹಾರಕ್ಕೆ ಮಾತ್ರ ಸ್ಥಾನ. ಆದರೆ ಅದು ವರ್ಜ್ಯಗಳ ಪಟ್ಟಿಯಲ್ಲ. ಹಿಟ್ಟಿನ ಭಕ್ಷ್ಯಗಳು, ಪಾನಕಗಳು, ಅನ್ನದ ಬಗೆಗಳು, ಬದನೆ, ಬಾಳೆ, ಹಲಸುಗಳ ಪಾಕಗಳು ಎಂದು ಅದು ಬಿಚ್ಚಿಕೊಳ್ಳುತ್ತದೆ. ಸಂಯಮವು ರುಚಿಯ ವೈರಿಯಲ್ಲ ಎಂಬುದಕ್ಕೆ ಕನ್ನಡದಲ್ಲಿ ಅದಕ್ಕಿಂತ ಉತ್ತಮ ಸಾಕ್ಷಿ ಬೇಕಿಲ್ಲ. ಗೇರುಸೊಪ್ಪೆಯ ರಾಣಿ ಚೆನ್ನಭೈರಾದೇವಿಯನ್ನು ಪೋರ್ಚುಗೀಸರು ‘ಮೆಣಸಿನ ರಾಣಿ’ ಎಂದು ಕರೆದದ್ದನ್ನೂ ಇಲ್ಲಿ ನೆನೆಯಬಹುದು. ಮೆಣಸು ಅಂದೂ ರಾಜಕಾರಣವಾಗಿತ್ತು.

ಮುಂದಿನ ಬೀದಿಯಲ್ಲಿ ಬಾಳೆಯ ಹೂವನ್ನು ಎಳೆಯೆಳೆಯಾಗಿ ಹೆಚ್ಚಿ ಹುಳಿ ಬೆರೆಸಿದ ಒಂದು ಬಗೆಯ ಕೋಸಂಬರಿ ಸಿಕ್ಕಿತು. ಒಂದು ಬುಟ್ಟಿಯಲ್ಲಿ ಎಳೆಬಿದಿರು, ಅಂದರೆ ನಮ್ಮ ಕಳಲೆ, ಇತ್ತು. ಇನ್ನೊಂದರಲ್ಲಿ ಕೆಸುವಿನ ಜಾತಿಯ ದಂಟು. ಕಳಲೆಯ ಕಹಿಯನ್ನೂ ನಂಜನ್ನೂ ತೆಗೆಯಲು ನಾವು ಅದನ್ನು ಹೆಚ್ಚಿ ದಿನವೂ ನೀರು ಬದಲಿಸುತ್ತ ಎರಡು ಮೂರು ದಿನ ನೆನೆಸಿಡುತ್ತೇವೆ. ಅವರು ನೀರು ಚೆಲ್ಲಿ ಚೆಲ್ಲಿ ಹಲವು ಬಾರಿ ಕುದಿಸುತ್ತಾರೆ. ನನ್ನ ಪತ್ನಿಯೂ ಆ ಮಾರಾಟಗಾರ್ತಿಯೂ ಒಬ್ಬರ ಭಾಷೆ ಒಬ್ಬರಿಗೆ ತಿಳಿಯದೆ, ಕೈಸನ್ನೆಯಲ್ಲಿ, ಈ ವಿಷಯವನ್ನು ಹತ್ತು ನಿಮಿಷ ಚರ್ಚಿಸಿದರು. ನಡುವೆ ನಿಂತ ಮಾರ್ಗದರ್ಶಕಿಗೆ ಕೆಲಸವೇ ಇರಲಿಲ್ಲ.

ಬಳಿಕ ‘ಬುನ್’ ಎಂಬ ಅಕ್ಕಿಯ ಶ್ಯಾವಿಗೆ. ನೆನೆಸಿ ಹುಳಿಬರಿಸಿದ ಅಕ್ಕಿಯನ್ನು ರುಬ್ಬಿ, ನೀರು ಬಸಿದು ನಾದಿದ ಹಿಟ್ಟನ್ನು ರಂಧ್ರಗಳ ಮೂಲಕ ಕುದಿಯುವ ನೀರಿಗೇ ಒತ್ತಿ ಇಳಿಸುವುದು ಅವರ ಕ್ರಮ. ನಮ್ಮ ಮಲೆನಾಡಿನ ಒತ್ತುಶ್ಯಾವಿಗೆಯಲ್ಲಿ ಹಿಟ್ಟನ್ನು ಮೊದಲೇ ಉಂಡೆಗಟ್ಟಿ ಬೇಯಿಸಿ, ಆರುವ ಮೊದಲು ಒರಳಿಗೆ ಹಾಕಿ ಒತ್ತುತ್ತೇವೆ. ಅಲ್ಲಿ ಒತ್ತಿದ ಮೇಲೆ ಬೇಯುತ್ತದೆ. ಇಲ್ಲಿ ಬೆಂದ ಮೇಲೆ ಒತ್ತಲ್ಪಡುತ್ತದೆ. ಅವರು ಅದನ್ನು ಸಾರಿನಲ್ಲಿ ಮುಳುಗಿಸಿ ಸೊಪ್ಪುಗಳೊಡನೆ ತಿನ್ನುತ್ತಾರೆ. ನಾವು ಕಾಯಿಹಾಲು ಬೆಲ್ಲದೊಡನೆಯೋ ಸಾರಿನೊಡನೆಯೋ ತಿನ್ನುತ್ತೇವೆ. ಉಳಿದಂತೆ ಕಣ್ಣು ಮುಚ್ಚಿ ಬೆರಳಿನಿಂದ ಮುಟ್ಟಿದರೆ ವ್ಯತ್ಯಾಸ ತಿಳಿಯುವುದು ಕಷ್ಟ.

ಇಂಥ ಸಾಮ್ಯಗಳನ್ನು ಕಂಡಾಗ ನಮ್ಮವರಿಗೆ ಒಂದು ಆತುರ ಹುಟ್ಟುತ್ತದೆ. ಇದು ನಮ್ಮಿಂದಲೇ ಅಲ್ಲಿಗೆ ಹೋಯಿತು ಎಂದು ಹೇಳಿಬಿಡುವ ಆತುರ. ವಿಯೆಟ್ನಾಂನ ಮಧ್ಯ ಕರಾವಳಿಯಲ್ಲಿ ಚಂಪಾ ರಾಜ್ಯವಿತ್ತು, ಅದರ ಅರಸರು ಸಂಸ್ಕೃತದಲ್ಲಿ ಶಾಸನ ಬರೆಸಿದರು, ಮೀ ಸೊನ್‌ನಲ್ಲಿ ಭದ್ರೇಶ್ವರನೆಂಬ ಹೆಸರಿನ ಶಿವಾಲಯವಿತ್ತು ಎಂಬುದೆಲ್ಲ ನಿಜ. ಆದರೆ ಶ್ಯಾವಿಗೆಗೆ ಶಾಸನವಿಲ್ಲ. ಮಳೆ ಹೆಚ್ಚು, ಗೋಧಿಯಿಲ್ಲ, ಇರುವುದು ಅಕ್ಕಿ, ಬಿದಿರು, ಬಾಳೆ, ಹಬೆ. ಇಷ್ಟಿದ್ದಲ್ಲಿ ಎರಡು ನಾಡಿನ ಹೆಂಗಸರು ಒಬ್ಬರನ್ನೊಬ್ಬರು ಕೇಳದೆಯೇ ಒಂದೇ ಉತ್ತರವನ್ನು ಕಂಡುಕೊಳ್ಳಬಲ್ಲರು. ಸಾಮ್ಯವು ವಂಶಾವಳಿಯ ಪುರಾವೆಯಲ್ಲ. ಹಾಗೆ ನೋಡಿದರೆ, ವಂಶದ ನಂಟಿಗಿಂತ ಈ ನಂಟು ದೊಡ್ಡದೆಂದೇ ನನಗೆ ತೋರುತ್ತದೆ. ಇದರಲ್ಲಿ ಕೊಟ್ಟವನ ಹೆಮ್ಮೆಯೂ ಇಲ್ಲ, ಪಡೆದವನ ಋಣವೂ ಇಲ್ಲ.

ನುಡಿಯಲ್ಲಿಯೂ ಇದೇ ನಂಟು. ಗದ್ದೆಯಲ್ಲಿರುವ ಪೈರಿಗೆ ಅವರು ‘ಲುವಾ’ ಎನ್ನುತ್ತಾರೆ, ಒಕ್ಕಿದ ಭತ್ತಕ್ಕೆ ‘ಥೋಕ್’, ಅಕ್ಕಿಗೆ ‘ಗಾವ್’, ಅನ್ನಕ್ಕೆ ‘ಕಮ್’. ನಮ್ಮಲ್ಲಿಯೂ ಸಸಿ, ಪೈರು, ಭತ್ತ, ಅಕ್ಕಿ, ಅನ್ನ ಬೇರೆ ಬೇರೆ. ಇವೆಲ್ಲಕ್ಕೂ ಒಂದೇ ಪದದಲ್ಲಿ ಸಂತೃಪ್ತವಾದ ಇಂಗ್ಲಿಷಿಗೆ ಹೋಲಿಸಿದರೆ, ಎರಡೂ ನುಡಿಗಳು ಗದ್ದೆಯ ಬದುವಿನಲ್ಲಿ ನಿಂತು ಬೆಳೆದವು ಎಂಬುದು ಸ್ಪಷ್ಟವಾಗುತ್ತದೆ. ಎದುರಾದವರನ್ನು ‘ಅನ್ನ ತಿಂದಿರಾ?’ ಎಂದು ವಿಚಾರಿಸುವ ವಾಡಿಕೆ ಅಲ್ಲಿಯೂ ಇದೆ. ನಮ್ಮ ‘ಊಟ ಆಯ್ತಾ?’ ಅದೇ ಅಲ್ಲವೇ?

ನಡಿಗೆಯ ಕೊನೆಯಲ್ಲಿ ಕಾಫಿ. ಲೋಟದ ಮೇಲೆ ಕೂರುವ ‘ಫಿನ್’ ಎಂಬ ಪುಟ್ಟ ತಗಡಿನ ಸೋಸುಪಾತ್ರೆಯಿಂದ ರೊಬಸ್ಟಾದ ಕಪ್ಪು ಕಷಾಯ ತೊಟ್ಟುತೊಟ್ಟಾಗಿ ಇಳಿಯುತ್ತದೆ. ಕೆಳಗೆ ಗಟ್ಟಿಹಾಲು. 1946ರಲ್ಲಿ ಹಾಲಿನ ಅಭಾವವಾದಾಗ ಹನೋಯ್‌ನ ಹೋಟೆಲೊಂದರ ನೌಕರರೊಬ್ಬರು ಮೊಟ್ಟೆಯ ನೊರೆಯನ್ನು ಬಳಸಿ ಕಾಫಿ ಮಾಡಿದರಂತೆ. ಇಂದು ಅದು ಆ ಊರಿನ ಹೆಮ್ಮೆ. ನಾವು ಹಾಲಿನದನ್ನೇ ಕುಡಿದೆವು. ನಮ್ಮ ಊರು ಕಾಫಿಯ ಊರೆಂದು ಹೇಳಿದಾಗ ಆ ಹುಡುಗಿ ತನ್ನ ಲೋಟವನ್ನು ಕೆಳಗಿಟ್ಟಳು. ಆಕೆಯ ತಂದೆತಾಯಿ ಮಧ್ಯ ಮಲೆನಾಡಿನ ದಾಕ್ ಲಾಕ್ ಪ್ರಾಂತದ ಕಾಫಿ ಬೆಳೆಗಾರರು. ಮೆಣಸಿನ ಬಳ್ಳಿಗಳು ಸೊರಗುರೋಗಕ್ಕೆ ತುತ್ತಾಗಿ ಒಂದೇ ಮಳೆಗಾಲದಲ್ಲಿ ಸಾಲುಸಾಲಾಗಿ ಒಣಗಿದವು ಎಂದಳು. ಈಗ ಕಾಫಿಯ ನಡುವೆ ಡೂರಿಯನ್ ಹಣ್ಣಿನ ಗಿಡಗಳನ್ನು ನೆಟ್ಟಿದ್ದಾರಂತೆ. ‘ಬ್ರೆಜಿಲ್‌ನಲ್ಲಿ ಹಿಮ ಬಿದ್ದ ಸುದ್ದಿ ಬಂದರೆ ಅಪ್ಪ ಅಂದು ಎರಡು ತುತ್ತು ಹೆಚ್ಚು ಉಣ್ಣುತ್ತಾರೆ. ಆಮೇಲೆ, ಪಾಪ ಅವರ ಗತಿ ಏನೋ ಎನ್ನುತ್ತಾರೆ.’

ನಾನು ಮಾತನಾಡಲಿಲ್ಲ. ನಮ್ಮ ಬಳ್ಳಿಗಳೂ ಅದೇ ರೋಗಕ್ಕೆ ಸತ್ತಿವೆ. ನಮ್ಮಲ್ಲಿಯೂ ಬ್ರೆಜಿಲ್ಲಿನ ಹಿಮಕ್ಕೆ, ವಿಯೆಟ್ನಾಂನ ಬರಕ್ಕೆ ಕಾಯುವವರಿದ್ದಾರೆ. ದರದ ಪಟ್ಟಿಯಲ್ಲಿ ನಾವು ಪ್ರತಿಸ್ಪರ್ಧಿಗಳು. ಅದೇ ಪಟ್ಟಿಯನ್ನು ಕೈಯಲ್ಲಿ ಹಿಡಿದು ಒಂದೇ ಬಗೆಯ ಆತಂಕದಿಂದ ಓದುವ ಇಬ್ಬರು ಮುದುಕರ ನಡುವೆ ಸ್ಪರ್ಧೆ ಎಲ್ಲಿದೆ?

ಊರಿಗೆ ಮರಳಿದ ಮೇಲೆ, ಬೆಂಗಳೂರಿನಿಂದ ಬಂದ ಬಂಧುಗಳ ಮಕ್ಕಳನ್ನು ಕರೆದುಕೊಂಡು ಸಕಲೇಶಪುರ ಪೇಟೆಯಲ್ಲಿ ಅಂಥದೇ ಒಂದು ನಡಿಗೆ ಮಾಡಿದೆ. ಹೇಮಾವತಿಯ ದಡದ ಸಕಲೇಶ್ವರನ ಗುಡಿಯಿಂದ ಹೊರಟು, ಸೇತುವೆ ದಾಟಿ, ಬಿ.ಎಂ. ರಸ್ತೆಯುದ್ದಕ್ಕೂ ನಡೆದೆವು. ಈ ಪೇಟೆಯೂ ತಿಂಡಿಯಿಂದಲೇ ತನ್ನ ಚರಿತ್ರೆಯನ್ನು ಹೇಳುತ್ತದೆ. ಗೋಳಿಬಜೆ, ಬನ್ಸ್, ನೀರುದೋಸೆಗಳು ಶಿರಾಡಿ ಘಾಟಿಯನ್ನು ಹತ್ತಿ ಬಂದ ಕರಾವಳಿಯ ಹೋಟೆಲಿನವರ ಕೊಡುಗೆ. ಪರೋಟ ಮತ್ತು ಹಾಲಿಲ್ಲದ ಕಪ್ಪುಚಹಾ ಮಲಯಾಳದ ಕಡೆಯವು. ಕಾಫಿಯಂತೂ ಆಂಗ್ಲರ ತೋಟಗಳದ್ದು. ಈಚೆಗೆ ಅಸ್ಸಾಮಿನ ಕಡೆಯಿಂದ ತೋಟಗಳ ಕೆಲಸಕ್ಕೆ ಬಂದವರ ಜೊತೆಗೆ ಮೊಮೊ ಎಂಬ ಹಬೆಯ ಕಡುಬೂ ಬಂದಿದೆ. ಮಳೆಗಾಲದಲ್ಲಿ ರಸ್ತೆಯ ಬದಿಯಲ್ಲಿ ಕಳಲೆಯನ್ನೂ ಎಲೆಯಲ್ಲಿ ಸುತ್ತಿದ ಅಣಬೆಯನ್ನೂ ಮಾರುವವರಿರುತ್ತಾರೆ.

ಮಕ್ಕಳು ಕೇಳಿದ ಪ್ರಶ್ನೆ ಸರಳವಾಗಿತ್ತು: ‘ಅಜ್ಜ, ಈ ಊರಿನ ತಿಂಡಿ ಯಾವುದು?’

ಈ ಊರಿನ ತಿಂಡಿ ಬೀದಿಯಲ್ಲಿ ಇರಲೇ ಇಲ್ಲ. ಅಕ್ಕಿರೊಟ್ಟಿ, ಉಂಡೆಗಡುಬು, ಒತ್ತುಶ್ಯಾವಿಗೆ, ಹಲಸಿನ ಕಡುಬು, ಪತ್ರೊಡೆ ಇವು ಒಂಟಿಮನೆಗಳ, ತೋಟದ ಮನೆಗಳ ಅಡುಗೆ. ಮನೆಮನೆಗೂ ಅರ್ಧ ಮೈಲಿ ಅಂತರವಿರುವ ಗುಡ್ಡಗಾಡಿನಲ್ಲಿ ಬೀದಿಯೇ ಇಲ್ಲದಿರುವಾಗ ಬೀದಿಯ ತಿಂಡಿ ಹುಟ್ಟುವುದೆಲ್ಲಿ? ಈಗ ಅವು ಹೊರಬಂದಿವೆ, ಆದರೆ ಬೀದಿಗಲ್ಲ, ಹೋಂಸ್ಟೇಗಳ ಫಲಕಗಳಿಗೆ. ‘ಮಲೆನಾಡು ಊಟ’ ಎಂಬ ಹೆಸರಿನಲ್ಲಿ ವಾರದ ಕೊನೆಗೆ ಬರುವ ಅತಿಥಿಗಳ ಎಲೆಗೆ ಅವು ಬೀಳುತ್ತವೆ. ಇದನ್ನು ನಾನು ಹೀಗಳೆಯುವುದಿಲ್ಲ. ಅದರಿಂದ ಎಷ್ಟೋ ಸಂಸಾರಗಳು ನಡೆಯುತ್ತಿವೆ. ಆದರೆ ಹನೋಯ್‌ನಲ್ಲಿ ನಮ್ಮ ಪಕ್ಕದ ಸ್ಟೂಲಿನಲ್ಲಿ ಕುಳಿತಿದ್ದವರು ಪ್ರವಾಸಿಗಳಾಗಿರಲಿಲ್ಲ. ಕಚೇರಿಗೆ ಹೊರಟ ಗುಮಾಸ್ತ, ಮೊಮ್ಮಗನನ್ನು ಶಾಲೆಗೆ ಬಿಡಲು ಬಂದ ಅಜ್ಜಿ, ಮೋಟರ್ ಸೈಕಲ್ ಸವಾರ ಇವರೇ ಅಲ್ಲಿನ ನಿತ್ಯದ ಗಿರಾಕಿಗಳು. ನಮಗೆ ಅಲ್ಲಿ ಜಾಗ ಸಿಕ್ಕಿದ್ದು ಅವರ ನಡುವೆ ಸರಿದು ಕುಳಿತದ್ದರಿಂದ. ನಮ್ಮ ಕಡುಬನ್ನು ಇಂದು ಅತಿಥಿ ತಿನ್ನುತ್ತಾನೆ. ಅದೇ ಮನೆಯ ಮಕ್ಕಳು ಬೆಳಿಗ್ಗೆ ಬೇರೇನನ್ನೋ ತಿಂದು ಬಸ್ಸು ಹತ್ತುತ್ತಾರೆ.

ಇನ್ನೂ ಆಳದ ನಷ್ಟವೊಂದಿದೆ. ಆಲೂರು ಸೀಮೆಯು ಅನ್ನಕ್ಕೂ ರಾಗಿಗೂ ನಡುವಿನ ಗಡಿ. ಪಶ್ಚಿಮದ ಹಳ್ಳಿಗಳಲ್ಲಿ ರೊಟ್ಟಿಯಾದರೆ ಪೂರ್ವಕ್ಕೆ ಇಳಿದಂತೆ ಮುದ್ದೆ. ಅಕ್ಕಿಗೂ ರಾಗಿಗೂ ಶ್ರೀರಾಮನ ಮುಂದೆ ವಾದವಾಗುವ ಕನಕದಾಸರ ‘ರಾಮಧಾನ್ಯಚರಿತೆ’ಯ ಕಥೆಯನ್ನು ಈ ಗಡಿಯಲ್ಲಿ ನಿಂತು ಕಣ್ಣಾರೆ ಕಾಣಬಹುದಾಗಿತ್ತು. ಈಗ ವಾದಿಗಳಲ್ಲಿ ಒಬ್ಬನೇ ಮರೆಯಾಗುತ್ತಿದ್ದಾನೆ. ಗುಡ್ಡಗಳ ನಡುವಣ ಕಣಿವೆಗಳಲ್ಲಿ ಮೆಟ್ಟಿಲುಮೆಟ್ಟಿಲಾಗಿ ಇಳಿಯುತ್ತಿದ್ದ ಭತ್ತದ ಗದ್ದೆಗಳಲ್ಲಿ ಒಂದಷ್ಟು, 1979ರಲ್ಲಿ ಗೊರೂರಿನ ಹೇಮಾವತಿ ಅಣೆಕಟ್ಟು ಪೂರ್ಣಗೊಂಡಾಗ ಹಿನ್ನೀರಿನಲ್ಲಿ ಮುಳುಗಿದವು. ಉಳಿದವುಗಳಿಗೆ ಆಳು ಸಿಗದಾಯಿತು. ಆಮೇಲೆ ಆನೆಗಳು. ತೆನೆ ಹಾಲುಗಟ್ಟುವ ಹೊತ್ತಿಗೆ ಹಿಂಡು ಇಳಿದರೆ ಒಂದು ರಾತ್ರಿಯಲ್ಲಿ ವರ್ಷದ ಅನ್ನ ಮುಗಿಯುತ್ತದೆ. 2014ರ ಆಸುಪಾಸಿನಲ್ಲಿ ಈ ವಲಯದಿಂದ 22 ಆನೆಗಳನ್ನು ಹಿಡಿದು ಸಾಗಿಸಿದರು; ಆದರೂ ಸಮಸ್ಯೆ ತೀರಲಿಲ್ಲ. ಆನೆಯನ್ನು ದೂರುವುದಕ್ಕೂ ಮನಸ್ಸಾಗದು. ಅದರ ಕಾಡೂ ನಮ್ಮ ಗದ್ದೆಯಂತೆಯೇ ಕಿರಿದಾಗಿದೆ. ಗದ್ದೆಗಳು ಪಾಳು ಬಿದ್ದವು, ಇಲ್ಲವೆ ಶುಂಠಿಗೆ, ಅಡಕೆಗೆ ತಿರುಗಿದವು. ಇಂದು ನಮ್ಮ ಮನೆಗಳ ಅಕ್ಕಿರೊಟ್ಟಿಗೆ ಬಹುಪಾಲು ಅಕ್ಕಿ ಬರುವುದು ಗಂಗಾವತಿ, ಸಿಂಧನೂರು ಕಡೆಯಿಂದ.

ಗದ್ದೆ ಹೋದ ಮೇಲೆ ಅಡುಗೆ ಉಳಿಯುತ್ತದೆಯೇ? ಈ ಪ್ರಶ್ನೆಗೆ ಹನೋಯ್ ಒಂದು ಉತ್ತರವನ್ನು ಕೊಟ್ಟಿದೆ. ಬುನ್ ಮಾಡುವುದಕ್ಕೆ ಹೆಸರಾದ ಫೂ ದೊ ಎಂಬ ಹಳ್ಳಿ ಇಂದು ನಗರದೊಳಗೆ ಸೇರಿಹೋಗಿದೆ. ಗದ್ದೆಗಳಿದ್ದಲ್ಲಿ ಈಗ ಕಟ್ಟಡಗಳಿವೆ. ಆದರೂ ಅಲ್ಲಿನ ಮನೆಗಳು ಕೊಂಡುತಂದ ಅಕ್ಕಿಯಿಂದಲೇ ಬುನ್ ಒತ್ತುತ್ತವೆ, ನಸುಕಿನಲ್ಲಿ ಪೇಟೆಗೆ ಕಳುಹಿಸುತ್ತವೆ. ಅಂದರೆ ಗದ್ದೆ ಹೋದರೂ ಕೈಯ ವಿದ್ಯೆ ಉಳಿಯಬಹುದು. ಅದಕ್ಕೆ ಬೇಕಾದದ್ದು ದಿನವೂ ಅದನ್ನು ಕೇಳಿ ತಿನ್ನುವ ಬಾಯಿಗಳು. ಅತಿಥಿಗೆಂದು ಕಾದಿಟ್ಟ ಅಡುಗೆ ಪ್ರದರ್ಶನದ ವಸ್ತುವಾಗುತ್ತದೆ. ಹಸಿವೆಗೆಂದು ಮಾಡಿದ್ದು ಮಾತ್ರ ಮುಂದಿನ ತಲೆಮಾರಿನ ಕೈಗೆ ದಾಟುತ್ತದೆ. ಮಂಗರಸನ ಗ್ರಂಥವನ್ನು ಓದುವಾಗಲೂ ಈ ಮಾತು ಕಾಡುತ್ತದೆ. ಅವನು ಹಾಡಿದ ಪಾಕಗಳಲ್ಲಿ ಇಂದಿಗೂ ಬದುಕಿರುವವು ಯಾವ ಪಂಡಿತನಿಂದಲೂ ಉಳಿದದ್ದಲ್ಲ, ಯಾರೋ ಪ್ರತಿದಿನ ಬೆಳಿಗ್ಗೆ ಹಿಟ್ಟು ರುಬ್ಬಿದ್ದರಿಂದ ಉಳಿದವು.

ಗದ್ದೆಯ ವಿಷಯದಲ್ಲಿ ಕೈಚೆಲ್ಲಿ ಕೂರಬೇಕೆಂದು ಇದರ ಅರ್ಥವಲ್ಲ. ನಮ್ಮ ಮಲೆನಾಡಿನಲ್ಲಿ ಬಹುಕಾಲ ಬೆಳೆದ ಇಂಟಾನ್ ಭತ್ತವೇ ಇಂಡೋನೇಷ್ಯದಿಂದ ಬಂದ ತಳಿ. ಅಕ್ಕಿ ಉಣ್ಣುವವರ ನಡುವೆ ಬೀಜವು ಸಮುದ್ರ ದಾಟಿ ಬರಬಲ್ಲದಾದರೆ, ಬಿಟ್ಟುಹೋದ ಬೇಸಾಯ ಬದು ದಾಟಿ ಮರಳಲಾರದೇ? ಅಕ್ಕಪಕ್ಕದ ನಾಲ್ಕಾರು ಮನೆಯವರು ಒಟ್ಟಾಗಿ ಒಂದೇ ಬಯಲನ್ನು ನಾಟಿ ಮಾಡಿ ಸರದಿಯಂತೆ ರಾತ್ರಿ ಕಾದರೆ, ಒಬ್ಬನಿಗೆ ಅಸಾಧ್ಯವಾದದ್ದು ಸಾಧ್ಯವಾಗಬಹುದು ಎಂದು ನಮ್ಮ ಕಡೆಯ ಕೆಲವರು ಮಾತನಾಡಿಕೊಳ್ಳುತ್ತಿದ್ದಾರೆ. ಆ ಮಾತು ಕೃತಿಯಾಗುವುದೋ ಇಲ್ಲವೋ ಮುಂದಿನ ಮಳೆಗಾಲವೇ ಹೇಳಬೇಕು.

ನಮ್ಮ ಮನೆಯ ಮಟ್ಟಿಗೆ, ಅಟ್ಟದಲ್ಲಿದ್ದ ಶ್ಯಾವಿಗೆ ಒರಳನ್ನು ಕೆಳಗಿಳಿಸಿ ಬಡಗಿಯಿಂದ ಅದರ ಕಾಲು ಸರಿಮಾಡಿಸಿದ್ದೇವೆ. ಹುಣ್ಣಿಮೆಯ ಬೆಳಿಗ್ಗೆ ಒತ್ತುಶ್ಯಾವಿಗೆ ಎಂದು ನನ್ನ ಪತ್ನಿ ನಿಯಮ ಮಾಡಿದ್ದಾಳೆ. ಅತಿಥಿಗಳಿದ್ದರೂ ಸರಿ, ಇಲ್ಲದಿದ್ದರೂ ಸರಿ. ಒತ್ತಲು ಇಬ್ಬರು ಬೇಕು, ಆದ್ದರಿಂದ ನನಗೂ ಕೆಲಸ ಸಿಕ್ಕಿದೆ. ಜೊತೆಗೆ ಕಾಯಿಹಾಲಿನ ಪಕ್ಕದಲ್ಲಿ ಒಂದು ಬಟ್ಟಲು: ಉಪ್ಪು, ನಿಂಬೆರಸ, ನಮ್ಮ ಬಳ್ಳಿಯ ಮೆಣಸಿನ ಪುಡಿ. ದರ ಕುಸಿದ ದಿನವೂ ಅದರ ರುಚಿ ಕುಸಿಯುವುದಿಲ್ಲ.